ಬಾಗಿಲು ಹಾಕಿ ಬೇಯಿಸಿದ ಸಾರು

ಬೆಟಗೇರಿ
೧೨ ಜೂನ್ ೨೦೨೪

ಅವ್ವ,

ಮೊದಲು ಕುಳಿತುಕೋ, ಆಮೇಲೆ ಓದು. ಒಳ್ಳೆಯ ಸುದ್ದಿಯೇ. ನನಗೆ ಮೂರು ತಿಂಗಳು. ನಿನ್ನೆ ಗದಗಿನ ದವಾಖಾನೆಗೆ ತೋರಿಸಿ ಬಂದೆವು. ಬರುವಾಗ ಲೋಹಿತ ಬೈಕನ್ನು ಎಷ್ಟು ನಿಧಾನ ಓಡಿಸಿದನೆಂದರೆ, ಹಿಂದಿನ ಆಟೋದವನು ಬೈದುಕೊಂಡು ಮುಂದೆ ಹೋದ.

ಕಲ್ಲಿನ ಖಣಿಯಲ್ಲಿ ಮದ್ದು ಸಿಡಿದು ನಿನ್ನ ಕಿವಿ ಹೋದ ಮೇಲೆ ಫೋನು ನಿನಗೆ ಉಪಯೋಗವಿಲ್ಲ. ಹುಲಗಪ್ಪ ಮಾವನ ಫೋನಿಗೆ ಹೇಳಿದರೆ ಅವನು ನಿನಗೆ ಕೇಳಲೆಂದು ಕೂಗಿ ಕೂಗಿ ಇಡೀ ಓಣಿಗೆ ಸುದ್ದಿ ಮುಟ್ಟಿಸುತ್ತಾನೆ. ಅದಕ್ಕೇ ಕಾಗದ. ಉತ್ತರವನ್ನು ಅಖ್ತರಿ ಅಕ್ಕನ ಹೊಲಿಗೆ ಅಂಗಡಿಯ ವಿಳಾಸಕ್ಕೇ ಹಾಕು. ಸೀರೆಗೆ ಫಾಲ್ ಹೊಲಿಯಲು ನಾನು ದಿನಾ ಅಲ್ಲಿಗೆ ಹೋಗುತ್ತೇನೆ. ಮನೆಯ ವಿಳಾಸಕ್ಕೆ ಬೇಡ. ಅತ್ತೆ ಬಂದಿದ್ದಾರೆ.

ಮದುವೆಯಾದಾಗಿನಿಂದ ನಮ್ಮ ಹೊಸ್ತಿಲು ತುಳಿಯದವರು, ಮೊಮ್ಮಗು ಎಂದೊಡನೆ ಲಕ್ಷ್ಮೇಶ್ವರದಿಂದ ಚೀಲ ಹಿಡಿದು ಬಂದರು. ಬಸವಣ್ಣೆವ್ವ ಅತ್ತೆ ಕೆಟ್ಟವರಲ್ಲ. ನಸುಕಿನಲ್ಲೇ ಸ್ನಾನ ಮಾಡಿ ಪೂಜೆ ಮುಗಿಸಿ ನನಗೆ ಹಾಲು ಕಾಯಿಸುತ್ತಾರೆ. ಆದರೆ ಅವರು ನನ್ನ ಕಡೆ ತಿರುಗಿ ನೋಡಿದಾಗಲೆಲ್ಲ ನಾನು ಬೇರೆ ಕೆಲಸದ ನೆಪ ಹೇಳಿ ಏಳುತ್ತೇನೆ. ಮದುವೆಯ ಹೊತ್ತಿಗೆ ಲೋಹಿತ ಅವರಿಗೆ ಏನು ಹೇಳಿದ್ದಾನೆಂದು ನಿನಗೆ ಗೊತ್ತಲ್ಲ. ಹುಡುಗಿಗೆ ತಂದೆತಾಯಿ ಇಲ್ಲ, ಹಾಸ್ಟೆಲಿನಲ್ಲಿ ಬೆಳೆದವಳು, ನಮ್ಮ ಪೈಕಿಯವಳೇ ಎಂದು. ಆ ಮಾತಿನ ಮೇಲೆ ಈ ಸಂಸಾರ ನಿಂತಿದೆ. ಅಂದು ನೀನು "ಆತು, ಸತ್ತಾಳಂತ ಅನ್ಲಿ, ನೀ ಬದುಕು" ಎಂದು ನಕ್ಕಿದ್ದೆ. ಆ ನಗು ನನಗಿನ್ನೂ ಅರಗಿಲ್ಲ.

ಹೊಟ್ಟೆಯಲ್ಲಿ ಏನೂ ನಿಲ್ಲುತ್ತಿಲ್ಲ ಅವ್ವ. ಅನ್ನ ಕುದಿಯುವ ವಾಸನೆಗೇ ವಾಂತಿ. ಬೇಕೆನ್ನಿಸುವುದು ಒಂದೇ ಒಂದು. ಬಾಯಿಬಿಟ್ಟು ಹೇಳಲಾರೆ, ಬರೆಯುತ್ತೇನೆ. ನೀನು ಮಾಡುವ ಹಂದಿ ಖಂಡದ ಸಾರು. ಕೊಬ್ಬು ತೇಲುವ ಆ ಕೆಂಪು ಸಾರಿನಲ್ಲಿ ಬಿಸಿ ರೊಟ್ಟಿ ಮುರಿದು ಹಾಕಿಕೊಂಡು ತಿನ್ನಬೇಕು. ನಿನ್ನೆ ಅತ್ತೆ ತಾವಾಗಿಯೇ ಕೇಳಿದರು, "ಏನ್ ಬಯಕಿ ಐತಿ ಹೇಳವಾ, ಮಾಡಿ ಕೊಡ್ತೇನಿ." ನಾನು ಮಾವಿನಕಾಯಿ ಚಟ್ನಿ ಎಂದೆ.

ನೀನು ಮಾತ್ರ ಬರಬೇಡ.

ನಿನ್ನ
ನೇತ್ರಾ


ಹಿರೇವಡ್ಡಟ್ಟಿ
೨೪ ಜೂನ್ ೨೦೨೪

ಮಗಳು ನೇತ್ರಾಳಿಗೆ,

ನಿನ್ನ ಕಾಗದವನ್ನು ದೇವರ ಮುಂದೆ ಇಟ್ಟೆ. ಆಮೇಲೆ ಯಾರಾದರೂ ಕಂಡಾರೆಂದು ತೆಗೆದು ಒಲೆಗೆ ಹಾಕಿದೆ. ನನ್ನ ಕಾಗದಗಳನ್ನು ನೀನೂ ಸುಟ್ಟುಬಿಡು. ಓಣಿಯಲ್ಲಿ ಯಾರಿಗೂ ಹೇಳಿಲ್ಲ. ನೀರಿನ ಟಾಕಿಯ ಹತ್ತಿರ ಒಬ್ಬಳೇ ನಗುತ್ತ ನಿಂತಿದ್ದೆನಂತೆ, ಪಕ್ಕದ ಮನೆಯ ಭಾಗ್ಯಾ ಬಂದು ಭುಜ ಅಲ್ಲಾಡಿಸಿ ಏನಾಯಿತೆಂದು ಕೈಸನ್ನೆಯಲ್ಲಿ ಕೇಳಿದಳು. ಏನಿಲ್ಲ ಎಂದೆ. ಇಂಥ ಸುದ್ದಿಯನ್ನು ಬಾಯಲ್ಲಿ ಇಟ್ಟುಕೊಂಡು ತಿರುಗುವುದು ಕಷ್ಟ.

ಬಯಕೆ ತೀರದಿದ್ದರೆ ಹುಟ್ಟುವ ಕೂಸಿಗೆ ಕಿವಿ ಸೋರುತ್ತದೆ ಎಂದು ನನ್ನ ಅವ್ವ ಹೇಳುತ್ತಿದ್ದಳು. ಸುಳ್ಳೋ ಖರೆಯೋ ತಿಳಿಯದು. ತಾಯಿ ಉಣ್ಣದಿದ್ದರೆ ಕೂಸು ಬೆಳೆಯುವುದಿಲ್ಲ, ಇದಂತೂ ಖರೆ.

ಹುಲಗಪ್ಪನಿಗೆ ಹೇಳುತ್ತೇನೆ, ಖಂಡ ತಂದು ಕೊಡುತ್ತಾನೆ. ತೊಗಲು ಸುಟ್ಟು ಕೆರೆದದ್ದು, ಕೊಬ್ಬು ಇರುವ ತುಂಡು. ಬಿಸಿನೀರಲ್ಲಿ ತೊಳೆದು ಅರಿಷಿಣ ಉಪ್ಪು ಸವರಿ ಬರಿ ಪಾತ್ರೆಯಲ್ಲಿ ಹುರಿ. ಎಣ್ಣೆ ಹಾಕಬೇಡ, ಅದರ ಕೊಬ್ಬೇ ಕರಗಿ ಎಣ್ಣೆಯಾಗುತ್ತದೆ. ಅದರಲ್ಲೇ ಉಳ್ಳಾಗಡ್ಡಿ, ಬೆಳ್ಳುಳ್ಳಿ, ಹಸಿಶುಂಠಿ ಕೆಂಪಗೆ ಮಾಡು. ಒಣಕೊಬ್ಬರಿ ಸುಟ್ಟು, ಗಸಗಸೆ ಕೊತ್ತಂಬರಿ ಬೀಜದ ಸಂಗಡ ಅರೆದು ಹಾಕು. ಆಮೇಲೆ ಖಾರ. ನೀರು ಕಾದದ್ದೇ ಇರಲಿ, ತಣ್ಣೀರು ಬಿದ್ದರೆ ಖಂಡ ಬಿರುಸಾಗುತ್ತದೆ. ಸಣ್ಣ ಉರಿಯಲ್ಲಿ, ತೊಗಲು ಬೆರಳಿಗೆ ಮೆತ್ತಗೆ ಸಿಗುವ ತನಕ ಬಿಡು. ಕುಕ್ಕರಿನಲ್ಲಿ ಇಡಬೇಡ, ಸೀಟಿಯ ಸಂಗಡ ವಾಸನೆ ಓಣಿಗೆ ಹೋಗುತ್ತದೆ. ಮುಚ್ಚಳದ ಸುತ್ತ ಕಲಸಿದ ಹಿಟ್ಟು ಮೆತ್ತು.

ಇಷ್ಟು ಬರೆದ ಮೇಲೆ ಎದ್ದು ಬಾಗಿಲು ಹಾಕಿ ಬಂದೆ. ಮಾಡಬೇಡ ನೇತ್ರಾ. ನಿನ್ನ ಭಾವ ಮುದಕಪ್ಪ ಮದುವೆಯ ದಿನ ನೋಂದಣಿ ಕಚೇರಿಯ ಹೊರಗೆ ನಿಂತು ಏನೆಂದನೆಂದು ನೀನೇ ಹೇಳಿದ್ದೆ. "ಮಂದಿ ನಮ್ಮ ಮನಿತನಕ್ಕ ಬೊಟ್ಟು ಮಾಡಿದ ದಿನ ಇಬ್ಬರನ್ನೂ ಬಿಡಂಗಿಲ್ಲ." ಅಂಥವರು ಬರೀ ಬಾಯಿಮಾತಿಗೆ ಆಡುವುದಿಲ್ಲ. ಅಲ್ಲಿ ಇಲ್ಲಿ ಏನೇನು ಆಗಿದೆಯೆಂದು ನಾನೂ ಪೇಪರಿನಲ್ಲಿ ಓದುತ್ತೇನೆ.

ಈ ಹಾಳೆ ಹರಿದು ಬೇರೆ ಬರೆಯೋಣವೆಂದುಕೊಂಡೆ. ನೀನು ಉಣ್ಣದೆ ಕುಳಿತಿರುವುದು ಕಣ್ಣಿಗೆ ಕಟ್ಟಿತು. ಅದಕ್ಕೆ ಮಾಡುವ ರೀತಿಯನ್ನೂ ಬೇಡವೆಂಬ ಮಾತನ್ನೂ ಎರಡನ್ನೂ ಕಳಿಸುತ್ತಿದ್ದೇನೆ.

ನಿನ್ನ ಅವ್ವ
ಮಂಜವ್ವ


ಬೆಟಗೇರಿ
೧೪ ಜುಲೈ ೨೦೨೪

ಅವ್ವ,

ಭಾವ ಬಂದಿದ್ದರು. ಹೇಳಿ ಬಂದದ್ದಲ್ಲ. ಲೋಹಿತ ಪ್ರಿಂಟಿಂಗ್ ಪ್ರೆಸ್ಸಿನಿಂದ ಆಗಷ್ಟೇ ಬಂದು ಕೈಕಾಲು ತೊಳೆಯುತ್ತಿದ್ದ. ಭಾವ ಕುರ್ಚಿಯಲ್ಲಿ ಕುಳಿತು, ನಾನು ಚಹ ಹಿಡಿದು ನಿಂತಿರುವಾಗಲೇ ಕೇಳತೊಡಗಿದರು.

"ನಿಮ್ಮ ಅವ್ವನ ಹೆಸರೇನ?"

"ಗೊತ್ತಿಲ್ರಿ. ನಾ ಸಣ್ಣಾಕಿ ಇದ್ದಾಗ ಹೋಗ್ಯಾಳ."

"ಊರು?"

"ಹಾಸ್ಟೆಲ್ದಾಗ ಗದಗ ಅಂತ ಬರಕೊಂಡಾರ್ರಿ."

"ಹೆಸರೂ ಗೊತ್ತಿಲ್ಲದ ಅವ್ವ ಇರ್ತಾಳನು?"

ಚಹದ ಕಪ್ಪನ್ನು ಅವರ ಮುಂದೆ ಇಟ್ಟೆ. ಆಗ ಅತ್ತೆ ಅಡುಗೆಮನೆಯಿಂದಲೇ, "ಬಸರ ಹೆಂಗಸಿನ್ನ ಎದುರಿಗೆ ನಿಂದ್ರಿಸಿಕೊಂಡು ಅದೇನ್ ಕೇಳ್ತೀಪಾ, ಚಾ ಕುಡದು ಏಳು" ಎಂದರು. ಭಾವ ಎದ್ದರು. ಬಾಗಿಲಲ್ಲಿ ಲೋಹಿತನ ಹೆಗಲ ಮೇಲೆ ಕೈ ಇಟ್ಟು ಮೆಲ್ಲಗೆ ಹೇಳಿದರು, "ಆ ಹಾಸ್ಟೆಲ್ದಾಗ ನನ್ನ ಪರಿಚಯದವ ಒಬ್ಬ ಅದಾನ. ಕೇಳಿ ನೋಡ್ತೇನಿ."

ಅಂದಿನಿಂದ ಲೋಹಿತ ಸರಿಯಾಗಿ ನಿದ್ದೆ ಮಾಡಿಲ್ಲ. ಹಾಸ್ಟೆಲಿನ ಹಳೆಯ ಅರ್ಜಿಯಲ್ಲಿ ನಿನ್ನ ಹೆಸರೂ ಊರೂ ನಮ್ಮ ಜಾತಿಯೂ ಇವೆ.

ಅತ್ತೆ ರೊಟ್ಟಿ ಬಡಿಯುತ್ತ ನನ್ನನ್ನು ನೋಡಿದರು, ಮತ್ತೆ ಹಿಟ್ಟಿನ ಕಡೆ ನೋಡಿದರು, ಅಷ್ಟೇ.

ದವಾಖಾನೆಯಲ್ಲಿ ತೂಕ ಇಳಿದಿದೆ ಎಂದರು. ರಕ್ತ ಕಡಿಮೆ ಎಂದರು. ಡಾಕ್ಟರಮ್ಮ ಬೈದರು. ಈ ತಿಂಗಳ ಕೊನೆಯ ಭಾನುವಾರ ಅತ್ತೆ ಶಿರಹಟ್ಟಿಗೆ ತಮ್ಮ ತಂಗಿಯ ಮನೆಗೆ ಹೋಗಿ ಒಂದು ರಾತ್ರಿ ಇದ್ದು ಬರುತ್ತಾರಂತೆ. ಲೋಹಿತ ತಾನಾಗಿಯೇ ಅಂದ, "ಅವತ್ತು ಮಾಡ್ಕೋ. ನಿನ್ನ ಹಿಂಗ ನೋಡಾಕ ಆಗವಲ್ದು."

ನೇತ್ರಾ


ಹಿರೇವಡ್ಡಟ್ಟಿ
೨೦ ಜುಲೈ ೨೦೨೪

ನೇತ್ರಾ,

ಹುಲಗಪ್ಪ ಆ ಭಾನುವಾರ ಮೊದಲ ಬಸ್ಸಿಗೆ ಬರುತ್ತಾನೆ. ಡಬ್ಬಿಯನ್ನು ಗದಗಿನ ಬಸ್‌ಸ್ಟ್ಯಾಂಡಿನಲ್ಲಿ ಅಳಿಯನ ಕೈಗೆ ಕೊಟ್ಟು ಹಾಗೆಯೇ ತಿರುಗುತ್ತಾನೆ. ಮನೆಯ ತನಕ ಬರಬೇಡವೆಂದು ಆಣೆ ಹಾಕಿಸಿದ್ದೇನೆ.

ಬೇಯುವಾಗ ಪಕ್ಕದ ಒಲೆಯ ಮೇಲೆ ಒಣಮೆಣಸಿನಕಾಯಿ ಹುರಿ. ಘಾಟಿಗೆ ಮಂದಿ ಮೂಗು ಮುಚ್ಚಿಕೊಳ್ಳುತ್ತಾರೆ. ಹೊಟ್ಟೆ ತುಂಬ ಉಣ್ಣು, ಉಳಿದದ್ದನ್ನು ಇಟ್ಟುಕೊಳ್ಳಬೇಡ.

ಉಂಡ ಕೂಡಲೇ ಒಂದು ಸಾಲು ಬರೆ. ಅದು ಬರುವ ತನಕ ನನಗೆ ಊಟ ಸೇರುವುದಿಲ್ಲ.

ಅವ್ವ


ಬೆಟಗೇರಿ
೩೧ ಜುಲೈ ೨೦೨೪

ಅವ್ವ,

ಉಣ್ಣಲಿಲ್ಲ.

ಎಲ್ಲ ನೀನು ಹೇಳಿದಂತೆಯೇ ಮಾಡಿದೆ. ಲೋಹಿತ ಡಬ್ಬಿ ತಂದುಕೊಟ್ಟು ಕೈ ತೊಳೆದುಕೊಂಡ. ನಾನು ನೋಡಿದೆನೆಂದು ಗೊತ್ತಾಗಿ ಮುಖ ಸಣ್ಣದು ಮಾಡಿಕೊಂಡ. ಪಾಪ, ಅವನು ಹುಟ್ಟಿದಾಗಿನಿಂದ ಅದನ್ನು ಕಂಡವನಲ್ಲ. ಕಿಟಕಿ ಮುಚ್ಚಿ ಸಂದಿಗಳಿಗೆ ಹಳೆಯ ಸೀರೆ ತುರುಕಿದೆವು. ಖಂಡದ ಕೊಬ್ಬು ಕರಗಿ ಚಟಪಟ ಎಂದಾಗ ನನಗೆ ಕಣ್ಣಲ್ಲಿ ನೀರು ಬಂತು. ಎಷ್ಟೋ ದಿನದ ಮೇಲೆ ಬಾಯಲ್ಲಿ ನೀರೂರಿತು. ಲೋಹಿತ ನಿಂಬೆಹಣ್ಣು ತರುತ್ತೇನೆಂದು ಹೊರಗೆ ಹೋದ. ಅವನಿಗೆ ವಾಸನೆ ತಡೆಯಲಾಗಲಿಲ್ಲ ಎಂದು ನನಗೆ ತಿಳಿಯಿತು.

ಹೊತ್ತಿನ ಲೆಕ್ಕಕ್ಕೆ ತೊಗಲು ಇನ್ನೇನು ಮೆತ್ತಗಾಗುವುದರಲ್ಲಿತ್ತು. ಬಾಗಿಲು ಬಡಿದ ಸದ್ದಾಯಿತು. ಅವನೇ ಎಂದು ಚಿಲಕ ತೆಗೆದೆ. ಅತ್ತೆ ನಿಂತಿದ್ದರು. ಅವರ ತಂಗಿ ತನ್ನ ಮಗನ ಮನೆಗೆ ಹೋಗಿದ್ದಳಂತೆ, ಬೀಗ ನೋಡಿ ಅದೇ ಬಸ್ಸಿಗೆ ತಿರುಗಿ ಬಂದಿದ್ದರು.

ಒಳಗೆ ಬಂದು ಚೀಲ ಇಳಿಸಿದವರು ಹಾಗೆಯೇ ನಿಂತುಬಿಟ್ಟರು. ಸೆರಗು ಮೂಗಿಗೆ ಹೋಯಿತು. ಒಲೆಯ ಹತ್ತಿರ ಹೋಗಿ ಮುಚ್ಚಳ ನೋಡಿದರು, ತೆಗೆಯಲಿಲ್ಲ. ಅಷ್ಟರಲ್ಲಿ ಮನೆಯ ಮಾಲೀಕರ ಹೆಂಡತಿ ವನಿತಾ ಮಗ್ಗದ ಕೋಣೆಯಿಂದ ಎದ್ದು ಬಂದು ಬಾಗಿಲಲ್ಲಿ ನಿಂತಳು.

"ಏನ್ ಕುದಸಾಕತ್ತೀರ್ರಿ? ಒಂಥರಾ ವಾಸನಿ ಬರಾಕತ್ತೈತಿ. ನಮ್ಮ ಮನಿಯವರು ಕೇಳಿ ಬಾ ಅಂದ್ರು."

ಅತ್ತೆ ಬಾಗಿಲಿಗೆ ಅಡ್ಡ ಬಂದು ನಿಂತರು.

"ಸೊಸಿ ಹೊಟ್ಯಾಗ ಏನೂ ನಿಂದ್ರವಲ್ದು. ನಾಟಿ ವೈದ್ಯ ಕಷಾಯ ಕೊಟ್ಟಾನ, ಅದನ್ನ ಕುದಸಾಕತ್ತೇನಿ. ವಾಸನಿ ಕೆಟ್ಟೈತಿ, ಖರೆ. ಇವತ್ತೊಂದಿನ ತಡ್ಕೋವಾ."

ವನಿತಾ ಹೋದಳು. ಅತ್ತೆ ಚಿಲಕ ಹಾಕಿ ಒಲೆ ಆರಿಸಿದರು.

"ಯಾರ ಮಗಳು ನೀ?"

ಇನ್ನು ಸುಳ್ಳು ಬರಲಿಲ್ಲ ಅವ್ವ. "ಹಿರೇವಡ್ಡಟ್ಟಿ ಮಂಜವ್ವನ ಮಗಳ್ರಿ. ಕಲ್ಲಿನ ಖಣಿಯಾಗ ದುಡಿಯೋರು ನಾವು."

"ಅದಾಳ?"

"ಅದಾಳ್ರಿ."

"ನನ್ನ ಮಗಗ ಗೊತ್ತೈತಿ?"

"ಗೊತ್ತೈತ್ರಿ."

ಅವರು ಗೋಡೆಗೆ ಒರಗಿ ಕುಳಿತರು. ಕಣ್ಣು ಒರೆಸಿಕೊಂಡರು. ಮೆಣಸಿನಕಾಯಿ ಘಾಟಿಗೋ ಏನೋ ತಿಳಿಯಲಿಲ್ಲ. ಲೋಹಿತ ನಿಂಬೆಹಣ್ಣು ಹಿಡಿದು ಒಳಗೆ ಬಂದಾಗ ಅವನ ಮುಖ ನೋಡದೆ ಚೀಲ ಎತ್ತಿಕೊಂಡು ಲಕ್ಷ್ಮೇಶ್ವರದ ಬಸ್ಸಿಗೆ ನಡೆದರು.

ಸಾರು ಹಾಗೆಯೇ ಇತ್ತು. ಸಂಜೆ ಲೋಹಿತ ಅದನ್ನು ಊರ ಹೊರಗೆ ಒಯ್ದು ಮಣ್ಣು ಮುಚ್ಚಿ ಬಂದ.

ನೇತ್ರಾ


ಬೆಟಗೇರಿ
೮ ಆಗಸ್ಟ್ ೨೦೨೪

ಅವ್ವ,

ಲೋಹಿತ ದಿನಾ ಲಕ್ಷ್ಮೇಶ್ವರಕ್ಕೆ ಫೋನ್ ಮಾಡುತ್ತಾನೆ. ಯಾರೂ ಎತ್ತುವುದಿಲ್ಲ. ಬೈದಿದ್ದರೆ ಒಂದು ಧೈರ್ಯ ಇರುತ್ತಿತ್ತು. ಈ ಸುಮ್ಮನಿರುವುದೇ ಹೆದರಿಸುತ್ತದೆ. ಓಣಿಯಲ್ಲಿ ಯಾವುದೇ ಬೈಕು ನಿಂತರೂ ನಾವಿಬ್ಬರೂ ಮಾತು ನಿಲ್ಲಿಸುತ್ತೇವೆ. ಅದು ಮುಂದೆ ಹೋದ ಮೇಲೆ ಏನು ಮಾತಾಡುತ್ತಿದ್ದೆವೆಂದು ನೆನಪಾಗುವುದಿಲ್ಲ.

ಮೊನ್ನೆ ಅಂಗಡಿಯಲ್ಲಿ ಹೊಲಿಯುತ್ತ ಕುಳಿತಲ್ಲೇ ಕಣ್ಣು ಕತ್ತಲೆ ಬಂದು ಬಿದ್ದೆ. ಅಖ್ತರಿ ಅಕ್ಕ ನೀರು ಚಿಮುಕಿಸಿ ಎಬ್ಬಿಸಿದಳು. "ಏನಾಗೈತಿ ಅಂತ ನಾ ಕೇಳಂಗಿಲ್ಲ ತಂಗಿ. ಆದ್ರ ಒಬ್ಬಾಕಿನ ನಡಕೊಂಡು ಹೋಗಬ್ಯಾಡ" ಎಂದು ಈಗ ದಿನಾ ಮನೆಯ ತನಕ ಬಿಟ್ಟು ಹೋಗುತ್ತಾಳೆ.

ನೀನು ಬಾಗಿಲು ಭದ್ರ ಹಾಕಿಕೋ ಅವ್ವ. ನಿನ್ನ ಹೆಸರೂ ಊರೂ ನನ್ನ ಬಾಯಿಂದಲೇ ಹೊರಬಿದ್ದಿವೆ. ಯಾರಾದರೂ ಬಂದು ಬಾಗಿಲು ಮುರಿದರೂ ನಿನಗೆ ಕೇಳಿಸುವುದಿಲ್ಲ. ಭಾಗ್ಯಾಳನ್ನು ರಾತ್ರಿ ನಿನ್ನ ಸಂಗಡ ಮಲಗಲು ಕರೆ.

ನಿನ್ನ ಉತ್ತರ ಯಾಕೆ ಬರಲಿಲ್ಲ?

ನೇತ್ರಾ


ಬೆಟಗೇರಿ
೧೭ ಆಗಸ್ಟ್ ೨೦೨೪

ಹಿರೇವಡ್ಡಟ್ಟಿಯ ಮಂಜವ್ವನವರಿಗೆ,

ಬಸವಣ್ಣೆವ್ವನ ಶರಣು. ನನ್ನ ಕೈಬರಹ ನಿಮಗೆ ಹೊಸದು, ಹೆದರಬೇಡಿ. ನಿಮ್ಮ ಮಗಳು ಪಕ್ಕದ ಕೋಣೆಯಲ್ಲಿ ಮಲಗಿದ್ದಾಳೆ. ನಿಮಗೆ ಕಿವಿ ಕೇಳಿಸುವುದಿಲ್ಲವೆಂದು ಅವಳು ಹೇಳಿದ್ದಕ್ಕೆ ಬರೆಯುತ್ತಿದ್ದೇನೆ.

ಸಿಟ್ಟು ಬಂದಿಲ್ಲವೆಂದು ಹೇಳಲಾರೆ. ಲಕ್ಷ್ಮೇಶ್ವರಕ್ಕೆ ಹೋಗಿ ಎರಡು ವಾರ ಅಲ್ಲೇ ಉಳಿದೆ. ನನ್ನ ಅಡುಗೆಯ ಒಲೆಯ ಮೇಲೆ ಅದು ಬೆಂದಿತ್ತೆಂದು ನೆನೆದರೆ ಈಗಲೂ ಎದ್ದು ಕೈ ತೊಳೆದುಕೊಳ್ಳುತ್ತೇನೆ. ಇದನ್ನು ಮುಚ್ಚಿಟ್ಟು ಪ್ರಯೋಜನವಿಲ್ಲ. ಆದರೆ ಅದಕ್ಕಿಂತ ದೊಡ್ಡದು ಬೇರೆ ಇದೆ. ನನ್ನ ಮಗ ಬದುಕಿರುವ ತಾಯಿಯೊಬ್ಬಳನ್ನು ಸತ್ತಳೆಂದು ನನ್ನ ಎದುರಿಗೆ ಹೇಳಿದ. ನಾಳೆ ಅವನಿಗೆ ಬೇಕಾದರೆ ನನ್ನನ್ನೂ ಹಾಗೆಯೇ ಅನ್ನಬಹುದು. ಅವನಿಗೆ ಇದನ್ನು ಹೇಳಿದೆ.

ದೊಡ್ಡವನಿಗೆ, ಮುದಕಪ್ಪನಿಗೆ, ನಾನು ಹೇಳಿಲ್ಲ. ಹಾಸ್ಟೆಲಿನ ಪರಿಚಯದವನಿಂದಲೂ ಅವನಿಗೆ ಇನ್ನೂ ಸುದ್ದಿ ಬಂದಿಲ್ಲ. ಯಾಕೆ ಪಂಚಮಿ ಹಬ್ಬದ ಮುಂದೆ ಬೆಟಗೇರಿಯಿಂದ ತಿರುಗಿ ಬಂದೆ ಎಂದು ದಿನಾ ಕೇಳುತ್ತಿದ್ದ. ತಮ್ಮನ ಫೋನು ಬಂದರೆ ಎತ್ತಗೊಡುತ್ತಿರಲಿಲ್ಲ. ಕೊನೆಗೆ ನೆರೆಮನೆಯವರ ಫೋನಿನಿಂದ ನಾನೇ ಮಾತಾಡಿದಾಗ ಹುಡುಗಿ ತಲೆ ತಿರುಗಿ ಬಿದ್ದಳೆಂದು ತಿಳಿದು ಹೊರಟು ಬಂದೆ. ಹೊಟ್ಟೆಯಲ್ಲಿ ಹುಟ್ಟಿದವನಿಗೇ ಹೆದರಿ ಮನೆ ಬಿಟ್ಟು ಬರುವುದೆಂದರೆ ಏನೆಂದು ನಿಮಗೆ ಹೇಗೆ ಹೇಳಲಿ.

ಅವಳು ನಾನು ಮಾಡಿದ್ದನ್ನು ಬಾಯಿಗಿಟ್ಟು, ನನ್ನ ಮುಖ ನೋಡಿ, ನುಂಗಲಾಗದೆ ಉಗುಳುತ್ತಾಳೆ. ಅರ್ಧ ಕಾಯಿಲೆ, ಅರ್ಧ ಹೆದರಿಕೆ. ಆ ಸಾರನ್ನು ನಾನು ಮಾಡಲಾರೆ, ಮುಟ್ಟಲಾರೆ. ನೀವು ಬನ್ನಿ. ಸೆಪ್ಟೆಂಬರ್ ಒಂದನೇ ತಾರೀಖು ಭಾನುವಾರ. ಶ್ರಾವಣವೆಂದು ಕಾಯುವಂತಿಲ್ಲ. ಆ ದಿನ ಮುದಕಪ್ಪ ತನ್ನ ಅಂಗಡಿಗೆ ಮಾಲು ತರಲು ಹುಬ್ಬಳ್ಳಿಗೆ ಹೋಗುತ್ತಾನೆ. ನೀವು ಒಳಗೆ ಮಾಡಿ. ನಾನು ಬಾಗಿಲಲ್ಲಿ ಕುಳಿತಿರುತ್ತೇನೆ.

ಬಸವಣ್ಣೆವ್ವ


ಹಿರೇವಡ್ಡಟ್ಟಿ
೫ ಸೆಪ್ಟೆಂಬರ್ ೨೦೨೪

ಬಸವಣ್ಣೆವ್ವನವರಿಗೆ,

ಮಂಜವ್ವ ಮಾಡುವ ನಮಸ್ಕಾರ. ಭಾನುವಾರ ನಿಮ್ಮಲ್ಲಿಂದ ಹೊರಟು ಕತ್ತಲಾಗುವ ಮೊದಲು ಊರು ಮುಟ್ಟಿದೆ. ಹುಲಗಪ್ಪ ದಾರಿಯುದ್ದಕ್ಕೂ ಹಿಂದೆ ನೋಡುತ್ತ ಬಂದ. ಯಾರೂ ಬರಲಿಲ್ಲ.

ನಿಮ್ಮ ಕಾಗದ ಕಂಡಾಗ ಒಡೆಯಲು ಧೈರ್ಯ ಸಾಲದೆ ಒಂದು ದಿನ ಹಾಗೆಯೇ ಇಟ್ಟುಕೊಂಡಿದ್ದೆ. ಅದಕ್ಕೂ ಮೊದಲು ನೇತ್ರಾಳಿಗೆ ಬರೆಯಲು ಕೂತು ಕೂತು ಎದ್ದಿದ್ದೆ. ನನ್ನ ಕಾಗದ ಯಾರ ಕೈಗಾದರೂ ಬಿದ್ದರೆ ಎಂಬ ಭಯ.

ನಿಮ್ಮನ್ನು ಒಂದು ಮಾತು ಕೇಳಬೇಕು. ನಾನು ಒಲೆಯ ಮುಂದೆ ಸೌಟು ಆಡಿಸುತ್ತಿದ್ದೆ. ನೀವು ಹೊಸ್ತಿಲ ಮೇಲೆ ನನಗೆ ಬೆನ್ನು ಮಾಡಿ ಕುಳಿತಿದ್ದಿರಿ. ತಲೆ ಎತ್ತಿದಾಗ ನೀವು ಎದ್ದು ನಿಂತು ಎರಡೂ ಕೈಗಳಿಂದ ಬಾಗಿಲ ಚೌಕಟ್ಟು ಹಿಡಿದಿದ್ದಿರಿ. ಹೊರಗೆ ಒಬ್ಬ ಎತ್ತರದ ಗಂಡಸು ಇದ್ದ. ನಾನು ಅವನನ್ನು ಹಿಂದೆ ಕಂಡಿರಲಿಲ್ಲ, ಆದರೂ ಗೊತ್ತಾಯಿತು. ಅವನ ಬಾಯಿ ಆಡುತ್ತಿತ್ತು, ಕುತ್ತಿಗೆಯ ನರ ಉಬ್ಬಿತ್ತು. ನಿಮ್ಮ ಭುಜದ ಮೇಲಿಂದ ಅವನು ನನ್ನನ್ನು ನೋಡಿದ. ನೇತ್ರಾ ಗೋಡೆಗೆ ಅಂಟಿಕೊಂಡು ಹೊಟ್ಟೆ ಹಿಡಿದು ನಿಂತಿದ್ದಳು. ನನಗೆ ಒಂದು ಅಕ್ಷರವೂ ಕೇಳಿಸಲಿಲ್ಲ. ಸಾರು ಕುದಿಯುವುದು ಮಾತ್ರ ಕಂಡಿತು. ಹೊಡೆಯುತ್ತಾನೆ, ಈಗ ಹೊಡೆಯುತ್ತಾನೆ ಎಂದುಕೊಂಡು ನಾನು ಸೌಟು ಬಿಗಿ ಹಿಡಿದೆ. ಅಳಿಯ ಒಳಗಿನಿಂದ ಬಂದು ನಿಮ್ಮ ಪಕ್ಕ ನಿಂತ. ಆಮೇಲೆ ಹೊರಗಿದ್ದವನು ಹೋದ.

ಏನಾಯಿತೆಂದು ಮಗಳನ್ನು ಕೇಳಿದೆ. ಅಳುತ್ತ, ನಿಮ್ಮನ್ನೇ ಕೇಳಬೇಕೆಂದು ಹಾಳೆಯ ಮೇಲೆ ಬರೆದು ತೋರಿಸಿದಳು. ಬಸ್ಸಿನ ಹೊತ್ತಾಗಿತ್ತು.

ಅವಳು ಉಂಡದ್ದನ್ನು ನೋಡಿದಿರಾ? ನೀವು ಆ ಕಡೆ ಮುಖ ಮಾಡಿದ್ದಿರಿ. ಮೊದಲ ತುತ್ತಿನ ಅವಸರಕ್ಕೆ ಸಾರು ಸೀರೆಯ ಮೇಲೆ ಬಿತ್ತು. ಆಮೇಲೆ ರೊಟ್ಟಿಯ ಮೇಲೆ ರೊಟ್ಟಿ ಕೇಳಿ ಉಂಡಳು. ಎಲುಬು ಚೀಪಿದಳು. ಉಂಡದ್ದು ಹೊಟ್ಟೆಯಲ್ಲಿ ನಿಂತಿತು.

ನೀವು ಅವನಿಗೆ ಏನು ಹೇಳಿದಿರಿ?

ಮಂಜವ್ವ


ಬೆಟಗೇರಿ
೧೬ ಸೆಪ್ಟೆಂಬರ್ ೨೦೨೪

ಬೀಗತಿ ಮಂಜವ್ವನವರಿಗೆ,

ಶರಣು. ಕೇಳಿದ್ದೀರಿ, ಬರೆಯುತ್ತೇನೆ. ಶ್ರಾವಣದಲ್ಲಿ ಪೂಜೆ ಬಿಟ್ಟು ಅವ್ವ ಬೆಟಗೇರಿಗೆ ಯಾಕೆ ಹೋದಳೆಂಬ ಸಂಶಯಕ್ಕೆ ಅವನು ಹುಬ್ಬಳ್ಳಿಗೆ ಹೋಗದೆ ಇಲ್ಲಿಗೆ ಬಂದಿದ್ದ.

"ಒಳಗ ಯಾರದಾರ?" ಎಂದ.

"ನಮ್ಮ ಬೀಗತಿ ಅದಾಳ."

"ಯಾವ ಬೀಗತಿ? ಅಕಿಗೆ ಅವ್ವ ಇಲ್ಲಂದ್ರಿ."

"ಅದಾಳ. ಹಿರೇವಡ್ಡಟ್ಟಿಯಾಕಿ. ಮಗಳಿಗೆ ಬಯಕಿ ಅಡಗಿ ಮಾಡಾಕ ಬಂದಾಳ."

"ಏನ್ ಅಡಗಿ ಅದು?"

"ಮೂಗು ಐತಲ್ಲ ನಿನಗ."

ಆಮೇಲೆ ಅವನು ಆಡಿದ ಮಾತುಗಳನ್ನು ಬರೆಯುವುದಿಲ್ಲ. ನಿಮಗೆ ಕೇಳಿಸಲಿಲ್ಲ, ಒಳ್ಳೆಯದೇ ಆಯಿತು. ನನ್ನನ್ನು ಸರಿಸಿ ಒಳಗೆ ಬರಲು ನೋಡಿದ. "ಮೊದಲ ನನ್ನ ಹೊಡಿ, ಆಮ್ಯಾಲೆ ಒಳಗ ಹೋಗು" ಎಂದೆ. ಅವನು ಕೈ ಎತ್ತಿದ್ದ, ಮಂಜವ್ವ, ಸುಳ್ಳು ಹೇಳುವುದಿಲ್ಲ. ಎತ್ತಿದ ಕೈ ಹಾಗೆಯೇ ನಿಂತಿತು. "ನೀ ಇನ್ನ ಲಕ್ಷ್ಮೇಶ್ವರಕ್ಕ ಬರಬ್ಯಾಡ. ಇದು ಇಲ್ಲಿಗೆ ಮುಗಿಯಂಗಿಲ್ಲ" ಎಂದು ಹೋದ.

ಆತು ಎಂದೆ.

ಲೋಹಿತ ಪೊಲೀಸ್ ಠಾಣೆಗೆ ಹೋಗಿ ದೂರು ಬರೆದುಕೊಟ್ಟು ಬಂದಿದ್ದಾನೆ. ವನಿತಾಳಿಗೆ ಎಲ್ಲ ತಿಳಿದು ಮನೆ ಬಿಡಲು ಹೇಳಿದಳು. ಅಖ್ತರಿಯ ಅಂಗಡಿಯ ಹಿಂದೆ ಎರಡು ಕೋಣೆ ಸಿಕ್ಕಿವೆ. ಒಲೆಯ ಮೇಲೆ ಏನು ಬೆಂದಿತ್ತೆಂದು ಅಖ್ತರಿಗೂ ಗೊತ್ತು. ನನಗಾಗದು, ನಿನಗ ಬೇಕು, ನಿನ್ನ ಮನಿ ನಿನ್ನದು ಎಂದು ನೇತ್ರಾಳಿಗೆ ಹೇಳಿ ಬೀಗದ ಕೈ ಕೊಟ್ಟಳಂತೆ. ಅಲ್ಲಿಯೂ ಬಾಗಿಲು ಬಡಿದರೆ ಮೊದಲು ನಾನೇ ಏಳುತ್ತೇನೆ. ಹೆದರಿಕೆ ಹೋಗಿಲ್ಲ. ಹುಡುಗಿಯ ತೂಕ ಮಾತ್ರ ಏರಿದೆ, ಡಾಕ್ಟರಮ್ಮ ಏನು ಉಣಿಸಿದಿರಿ ಎಂದು ಕೇಳಿದರು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿ ನಕ್ಕೆವು.

ಎಂಟನೇ ತಿಂಗಳಿಗೆ ಅವಳನ್ನು ಹೆರಿಗೆಗೆಂದು ನಿಮ್ಮಲ್ಲಿಗೆ ಕರೆತರುತ್ತೇವೆ. ನಾನೂ ಬರುತ್ತೇನೆ, ಬಾಣಂತನ ಮುಗಿಯುವ ತನಕ ಇರುತ್ತೇನೆ. ನನಗೊಂದು ಬೇರೆ ಒಲೆ, ಬೇರೆ ಪಾತ್ರೆ ಇಡಿ. ಅದಕ್ಕೆ ಬೇಸರ ಮಾಡಿಕೊಳ್ಳಬೇಡಿ, ಈ ವಯಸ್ಸಿನಲ್ಲಿ ನಾಲಿಗೆ ಬದಲಾಗದು. ನೀರು ಮಾತ್ರ ನಿಮ್ಮ ಕೊಡದ್ದೇ ಕುಡಿಯುತ್ತೇನೆ.

ನಿಮ್ಮ ಬೀಗತಿ
ಬಸವಣ್ಣೆವ್ವ